ದೇವಗಂಡಿನ ಮೈ ಮುಟ್ಟಿದವರು

ಇವಾತ್ಸುಕಿ, ಕೆಳದಂಡೆ ಕೇರಿ
10 ಜನವರಿ 1954

ತೊಸೆ ಅಕ್ಕನಿಗೆ,

ನೀನು ಹೇಳಿದ ಹಾಗೆಯೇ ಈ ಕಾಗದವನ್ನು ನಿನ್ನ ಮನೆಗೆ ಹಾಕದೆ, ನಿಮ್ಮ ಬೀದಿಯವರೆಲ್ಲ ಮೀಯಲು ಹೋಗುವ ಸ್ನಾನದಂಗಡಿಯ ರಿಕು ಅಮ್ಮನ ವಿಳಾಸಕ್ಕೆ ಹಾಕಿದ್ದೇನೆ. ಲಕೋಟೆಯ ಹಿಂದೆ ನಮ್ಮ ಕೇರಿಯ ಹೆಸರು ಬರೆದಿಲ್ಲ. ಅಕ್ಕ ಒಸಾಕಾ ಸೇರಿ ಇಷ್ಟು ವರ್ಷವಾದರೂ ಅವಳಿಗೊಬ್ಬ ತಮ್ಮ ಇದ್ದಾನೆಂದು ಭಾವನಿಗೆ ಗೊತ್ತಿಲ್ಲವಲ್ಲ ಎಂದು ನನ್ನ ಹೆಂಡತಿ ಸುಗಿ ಆಗಾಗ ಕೊಂಕು ತೆಗೆಯುತ್ತಾಳೆ. ನಾನು ಅವಳ ಬಾಯಿ ಮುಚ್ಚಿಸುತ್ತೇನೆ. ಚರ್ಮ ಹದ ಮಾಡುವವರ ಮಗಳು ಎಂದು ಗೊತ್ತಾದರೆ ನಿನ್ನ ಅತ್ತೆ ಏನು ಮಾಡುತ್ತಾರೋ, ಅದು ಸುಗಿಗೇನು ಗೊತ್ತು.

ಇಲ್ಲಿ ಎಲ್ಲರೂ ಚೆನ್ನಾಗಿದ್ದೇವೆ. ಚಳಿಗೆ ತೊಟ್ಟಿಯ ಸುಣ್ಣದ ನೀರು ಹೆಪ್ಪುಗಟ್ಟಿ ಹಸಿ ಚರ್ಮ ನೆನೆಯುತ್ತಿಲ್ಲ. ಮಗ ಮೊಹೆಯ್ ನನ್ನ ಭುಜದವರೆಗೆ ಬೆಳೆದಿದ್ದಾನೆ.

ಒಂದು ಸುದ್ದಿಯಿದೆ. ಕುಳಿತುಕೊಂಡು ಓದು. ಈ ಸಲದ ಬತ್ತಲೆ ಹಬ್ಬಕ್ಕೆ ನಾನೇ ದೇವಗಂಡು. ಹೌದು, ನಿನ್ನ ತಮ್ಮ ಇಸಾಕುವೇ. ಹೋದ ಸಲ ದೇವಗಂಡಾಗಿದ್ದ ಮರಗೆಲಸದವನು ಮಳೆಗಾಲದಲ್ಲಿ ತೀರಿಕೊಂಡ. ಅದಾದ ಮೇಲೆ ಮೇಲೂರಿನಲ್ಲಿ ಯಾರೂ ಮುಂದೆ ಬರಲಿಲ್ಲ. ಗುಡಿಯ ಮುಖ್ಯಸ್ಥ, ಅದೇ ಸಾಕೆ ಹೆಂಡದ ಭಟ್ಟಿಯ ತೊಕುಸಾಬುರೊ, ಬಂದು ಕೇಳಿದರು. ನಾನು ಒಪ್ಪಿಕೊಂಡೆ.

ನಮ್ಮ ಕೇರಿಯವನೊಬ್ಬ ಗುಡಿಯ ಒಳಗೆ ಕಾಲಿಡುವುದು ಇದೇ ಮೊದಲು. ನೀನು ಸಂತೋಷಪಡುತ್ತೀಯೆಂದು ಬರೆಯುತ್ತಿದ್ದೇನೆ.

ತಮ್ಮ ಇಸಾಕು

*

ಒಸಾಕಾ
17 ಜನವರಿ 1954

ಇಸಾಕು,

ಸಂತೋಷವಂತೆ! ನಿನ್ನ ಕಾಗದ ಓದಿ ನನಗೆ ವಾಕರಿಕೆ ಬಂತು. ಸ್ನಾನದಂಗಡಿಯ ಮೂಲೆಯಲ್ಲಿ ಬಟ್ಟೆಬುಟ್ಟಿಯ ಮೇಲೆ ಕೂತು ಓದುತ್ತಿದ್ದೆ. ರಿಕು ಅಮ್ಮ ಬಂದು "ಏನಮ್ಮಾ, ಊರಲ್ಲಿ ಯಾರಿಗಾದ್ರೂ ಏನಾದ್ರೂ ಆಯ್ತಾ?" ಎಂದು ಕೇಳಿದರು. ಆಯ್ತು, ನನ್ನ ತಮ್ಮನಿಗೆ ಬುದ್ಧಿ ಕೆಟ್ಟಿತು ಎಂದು ಹೇಳಬೇಕೆನ್ನಿಸಿತು.

ಆ ಹಬ್ಬ ಏನೆಂದು ನಿನಗೆ ಮರೆತುಹೋಯಿತೇ? ನಿನ್ನ ತಲೆ, ಹುಬ್ಬು, ಕಂಕುಳು ಎಲ್ಲ ಬೋಳಿಸಿ, ಗುಡಿಯ ಕೋಣೆಯಲ್ಲಿ ಕೂಡಿಹಾಕಿ, ಬರೀ ಮೂಲಂಗಿ ಗಂಜಿ ಕೊಟ್ಟು, ಆಮೇಲೆ ಬಟ್ಟೆಯ ಚೂರೂ ಇಲ್ಲದೆ ಜನರ ಮಧ್ಯೆ ತಳ್ಳುತ್ತಾರೆ. ಊರಿನ ಗಂಡಸರೆಲ್ಲ ಕಂಠಪೂರ್ತಿ ಕುಡಿದು ಲಂಗೋಟಿಯಲ್ಲಿ ಬಂದು ನಿನ್ನನ್ನು ಮುಟ್ಟುತ್ತಾರೆ. ಯಾಕೆ? ವರ್ಷವಿಡೀ ಅವರು ಮಾಡಿದ ಹೊಲಸು, ಅವರ ರೋಗ, ಅವರ ಕೇಡು ಎಲ್ಲ ನಿನ್ನ ಮೈಗೆ ಅಂಟಲಿ ಅಂತ. ಹಬ್ಬವೇನೋ ಅದು? ನೀನು ಅವರ ಕಾಲೊರೆಸು. ಕೊನೆಗೆ ನಿನ್ನ ಬೆನ್ನಿಗೆ, ಊರಿನ ಕೇಡೆಲ್ಲ ತುಂಬಿದೆಯೆನ್ನುವ ಆ ಮಣ್ಣಿನ ಉಂಡೆ ಕಟ್ಟಿ ಊರಿಂದ ಅಟ್ಟುತ್ತಾರೆ. ಅದನ್ನು ಎಲ್ಲಿ ಬೀಳಿಸಬೇಕು? ಊರಿನ ಎಲ್ಲೆಯಲ್ಲಿ. ಊರಿನ ಎಲ್ಲೆ ಎಲ್ಲಿದೆ? ನಮ್ಮ ಕೇರಿಯ ಬಾಯಲ್ಲಿ. ನಾವು ಚಿಕ್ಕವರಿದ್ದಾಗ ಪ್ರತಿ ವರ್ಷ ಅರ್ಚಕರು ಅದನ್ನು ಅಲ್ಲಿ ಹೂತು ಹೋದ ಮೇಲೆ ಅಪ್ಪ ಬುಟ್ಟಿಗಟ್ಟಲೆ ಬೂದಿ ತಂದು ಸುರಿಯುತ್ತಿದ್ದ. "ಅಲ್ಲಿ ಆಡಬೇಡ್ರೇ" ಎಂದು ಗದರುತ್ತಿದ್ದ. ನೆನಪಿದೆಯೇ?

ಅಪ್ಪ ಅವರ ಸತ್ತ ಕುದುರೆ ಹೊತ್ತು ತಂದಾಗ ಕೂಲಿಯನ್ನು ಕೈಗೆ ಕೊಡುತ್ತಿರಲಿಲ್ಲ. ನೆಲದ ಮೇಲಿಟ್ಟು ಹಿಂದೆ ಸರಿಯುತ್ತಿದ್ದರು. ಅಂಥವರಿಗೆ ಈಗ ಒರೆಸಿಕೊಳ್ಳಲು ಮೈ ಬೇಕಾಯಿತು, ತಮ್ಮವರು ಯಾರೂ ಸಿಗಲಿಲ್ಲ, ನಿನ್ನ ನೆನಪಾಯಿತು. ಇದು ಮರ್ಯಾದೆ ಎಂದು ನೀನು ಹಿಗ್ಗುತ್ತಿದ್ದೀಯ. ನಿನಗೆ ಸಾಕೆ ಕುಡಿಸಿ ಒಪ್ಪಿಸಿದರೋ ಹೇಗೆ?

ಬೇಡವೆಂದು ಹೇಳಿ ಕಳಿಸು. ಕಾಲು ನೋವು ಅನ್ನು, ಜ್ವರ ಅನ್ನು, ಏನಾದರೂ ಅನ್ನು.

ಅಕ್ಕ

*

ಇವಾತ್ಸುಕಿ
25 ಜನವರಿ

ಅಕ್ಕಾ,

ಬೈದು ಮುಗಿಯಿತೇ? ಬಾಯಿ ಒಣಗಿದ್ದರೆ ನೀರು ಕುಡಿದು ಮುಂದೆ ಓದು. ನಾನು ಕುಡಿದು ಒಪ್ಪಿಕೊಂಡದ್ದಲ್ಲ. ಹೋದ ಕಾಗದದಲ್ಲಿ ಒಂದು ಮಾತು ಬರೆದಿರಲಿಲ್ಲ, ಈಗ ಬರೆಯುತ್ತೇನೆ.

ಆವತ್ತು ತೊಕುಸಾಬುರೊ ನಮ್ಮ ಮನೆಯ ಮುಂದೆ ರಸ್ತೆಯಲ್ಲೇ ನಿಂತರು. ಮೂಗಿಗೆ ಕರವಸ್ತ್ರ ಹಿಡಿದಿದ್ದರು, ನೆಗಡಿಯಂತೆ.

"ಒಳಗೆ ಬನ್ನಿ ಯಜಮಾನ್ರೇ, ಟೀ ಕುಡ್ಕೊಂಡು ಮಾತಾಡೋಣ" ಅಂದೆ.

"ಇಲ್ಲಪ್ಪ, ಈಗಷ್ಟೇ ಕುಡ್ದು ಬಂದೆ."

ಅವರು ಯಾವಾಗಲೂ ಈಗಷ್ಟೇ ಕುಡಿದು ಬಂದಿರುತ್ತಾರೆ. ಅಜ್ಜನ ಕಾಲದಿಂದ ಮೇಲೂರಿನ ಒಬ್ಬನಿಗೂ ನಮ್ಮ ಕೇರಿಯಲ್ಲಿ ಬಾಯಾರಿಕೆಯೇ ಆಗಿಲ್ಲ.

ವಿಷಯ ಹೇಳಿದರು. ನಾನು ಕೇಳಿದೆ, "ದೇವಗಂಡಿನ ಮನೆಯವ್ರು ಗುಡಿ ಒಕ್ಕಲು ಆಗ್ತಾರಲ್ವಾ ಯಜಮಾನ್ರೇ? ಹಳೇ ಕಾಲದಿಂದ ಹಂಗೇ ಅಲ್ವಾ?"

ಅವರು ಸ್ವಲ್ಪ ಕೆಮ್ಮಿ "ಆಗ್ತಾರೆ" ಅಂದರು.

"ಅಂದ್ರೆ ಶರತ್ಕಾಲದ ಹಬ್ಬಕ್ಕೆ ನಮ್ಮ ಕೇರಿ ಹುಡುಗ್ರೂ ದೇವರ ಪಲ್ಲಕ್ಕಿಗೆ ಹೆಗಲು ಕೊಡಬಹುದು."

"ನಿನ್ನ ಮಗನ್ದು ಸರಿ. ಇಡೀ ಕೇರಿ ಅಂದ್ರೆ..."

"ಹಂಗಾದ್ರೆ ಬೇರೆ ಯಾರನ್ನಾದ್ರೂ ನೋಡ್ಕೊಳ್ಳಿ."

ಬೇರೆ ಯಾರೂ ಇಲ್ಲ ಎಂದು ಇಬ್ಬರಿಗೂ ಗೊತ್ತಿತ್ತು. ಕೊನೆಗೆ ಆಯಿತೆಂದರು. ಕೇರಿಯ ಹಿರಿಯರ ಮುಂದೆ ಇನ್ನೊಂದು ಸಲ ಹೇಳಿಸಿದ್ದೇನೆ.

ಹೋದ ಶರತ್ಕಾಲದಲ್ಲಿ ಮೊಹೆಯ್, ನಮ್ಮ ಕೇರಿಯವರು ದಾಟಬಾರದೆಂದು ಕಟ್ಟುವ ಹಗ್ಗದ ಆಚೆ ನಿಂತು ತನ್ನ ತರಗತಿಯ ಹುಡುಗರು ಪಲ್ಲಕ್ಕಿ ಹೊರುವುದನ್ನು ನೋಡಿದ. ನಾನೂ ಅದೇ ಹಗ್ಗದ ಆಚೆ ನಿಂತವನು. ನೀನು ಆಗ ನನ್ನನ್ನು ಎತ್ತಿಕೊಂಡಿದ್ದೆ. ಮೊಹೆಯ್ ಮನೆಗೆ ಬಂದು ಒಂದೇ ಮಾತು ಕೇಳಿದ: "ಅಪ್ಪಾ, ಆ ಹಗ್ಗ ಕಟ್ಟೋದು ಯಾರು?"

ಇನ್ನೊಂದು ವಿಷಯ. ದೇವಗಂಡನ್ನು ಬರಿಗೈಯಲ್ಲಿ, ಬರಿಮೈಯಲ್ಲಿ ಮುಟ್ಟಬೇಕು. ಮಧ್ಯೆ ಬಟ್ಟೆ ಬಂದರೂ ಕೇಡು ದಾಟುವುದಿಲ್ಲ ಎಂಬುದು ಕಟ್ಟಳೆ. ಯೋಚನೆ ಮಾಡು ಅಕ್ಕಾ. ನನ್ನ ಅಂಗಡಿಯಿಂದ ಚಪ್ಪಲಿ ಅಟ್ಟೆ ತೆಗೆದುಕೊಳ್ಳುವಾಗ ಬೆರಳು ತಾಗದ ಹಾಗೆ ತೆಗೆದುಕೊಳ್ಳುವ ಜನ, ಅವರೆಲ್ಲ ಒಬ್ಬರ ಮೇಲೊಬ್ಬರು ಬಿದ್ದು ನನ್ನ ಮೈ ಮುಟ್ಟಬೇಕು. ಮುಟ್ಟಿದ ಮೇಲೆ ಇವನು ಮುಟ್ಟಬಾರದವನು ಎಂದು ಯಾವ ಬಾಯಲ್ಲಿ ಹೇಳುತ್ತಾರೆ? ಅವರ ಕೇಡು ಬರಲಿ ಬಿಡು. ಸುಗಿ ಪರಚು ಗಾಯಗಳಿಗೆಂದು ಈಗಲೇ ಮುಲಾಮು ಕಾಯಿಸಿ ಇಟ್ಟಿದ್ದಾಳೆ. ಹೋದ ವರ್ಷದವನ ಬೆನ್ನು ಉಗುರು ತಾಗಿ ಉತ್ತ ಗದ್ದೆಯಂತಾಗಿತ್ತು.

ಇಸಾಕು

*

ಒಸಾಕಾ
3 ಫೆಬ್ರವರಿ

ಇಸಾಕು,

ನಿನ್ನ ಲೆಕ್ಕಾಚಾರ ನನಗೆ ಹಿಡಿಸಲಿಲ್ಲ. ಹೊಲಸನ್ನು ಹೊತ್ತವನಿಗೆ ಹೊಲಸೇ ಮರ್ಯಾದೆ ತಂದುಕೊಡುತ್ತದೆ ಎಂಬುದು ನನ್ನ ಗಂಟಲಲ್ಲಿ ಇಳಿಯುತ್ತಿಲ್ಲ. ಆದರೆ ಹಗ್ಗದ ಮಾತು ಬರೆದು ನನ್ನ ಬಾಯಿ ಕಟ್ಟಿದೆ. ಆಗ ನಿನಗೆ ನಾಲ್ಕೋ ಐದೋ. ಪಲ್ಲಕ್ಕಿ ಹತ್ತಿರ ಬಂದಾಗ ಕೈ ಚಾಚಿದೆ. ಒಬ್ಬ ಹಿರಿಯ ಬೀಸಣಿಗೆಯಿಂದ ನಿನ್ನ ಕೈಗೆ ಹೊಡೆದ. ಬೀಸಣಿಗೆಯನ್ನು ಅಲ್ಲೇ ಎಸೆದು ಹೋದ. ಅದು ಒಳ್ಳೆಯ ಬೀಸಣಿಗೆ, ಅವ್ವ ಅದರಲ್ಲಿ ಬೇಸಗೆ ಪೂರ್ತಿ ಗಾಳಿ ಹಾಕಿಕೊಂಡಳು.

ಇಲ್ಲಿಯ ಸುದ್ದಿ ಕೇಳು. ಮೊನ್ನೆ ನನ್ನ ಅತ್ತೆ ಒಬ್ಬ ಗಿರಾಕಿಯ ಹತ್ತಿರ ಹೇಳುತ್ತಿದ್ದರು: "ಪಕ್ಕದ ಬೀದಿಗೆ ಬಂದಿರೋ ಹೊಸ ಸೊಸೆ ಆ ಕಡೆಯವ್ಳಂತೆ ಕಣ್ರೀ. ನಂಗಂತೂ ವಾಸ್ನೆಲೇ ಗೊತ್ತಾಗ್ಬಿಡುತ್ತೆ, ನೂರು ಸಲ ಸ್ನಾನ ಮಾಡ್ಲಿ ಬೇಕಾದ್ರೆ." ನಾನು ಅವರ ಮಗ್ಗುಲಲ್ಲೇ ಕೂತು, ನಮ್ಮ ಅಂಗಡಿಯಲ್ಲಿ ಮಾರುವ ಕಾಮಾಬೊಕೊ ಮೀನುಗಡುಬಿಗೆಂದು ಕಲ್ಲೊರಳಿನಲ್ಲಿ ಮೀನು ರುಬ್ಬುತ್ತಿದ್ದೆ. ನನ್ನ ಕೈ ಮೊಣಕೈವರೆಗೆ ಮೀನಿನ ಲೋಳೆಯಲ್ಲಿ ಮುಳುಗಿತ್ತು. ಗಿರಾಕಿ "ನಿಮ್ಮನೆ ಕಾಮಾಬೊಕೊ ರುಚಿ ಯಾರಿಗೂ ಬರಲ್ಲ" ಎಂದಳು. ಅತ್ತೆ "ಎಲ್ಲಾ ನಮ್ಮ ಸೊಸೆ ಕೈಗುಣ" ಎಂದರು. ನಾನು ನಕ್ಕೆ. ಆ ನಗುವಿನ ಮೇಲೆ ನನಗೇ ಉಗಿಯಬೇಕೆನ್ನಿಸಿತು.

ಮೂಲಂಗಿ ಗಂಜಿಗೆ ಶುಂಠಿ ಹಾಕಿಸಿಕೋ, ಹೊಟ್ಟೆ ಕೆಡುತ್ತದೆ. ಹಬ್ಬ ಮುಗಿದ ಮೇಲೆ ಉದ್ದ ಬರೆಯಬೇಡ. ಒಂದೇ ಮಾತು ತಿಳಿಸು, ಮುಟ್ಟಿದರೋ ಇಲ್ಲವೋ.

ಅಕ್ಕ

*

ಅಂಚೆ ಕಾರ್ಡು
ಇವಾತ್ಸುಕಿ, 18 ಫೆಬ್ರವರಿ

ಅಕ್ಕಾ, ಹಬ್ಬ ಮುಗಿಯಿತು. ಇಡೀ ಮೇಲೂರು ಬಂದಿತ್ತು. ಎಲ್ಲರೂ ಮುಟ್ಟಿದರು. ಸುಗಿಯ ಮುಲಾಮು ಬೇಕಾಗಲೇ ಇಲ್ಲ. ನಾನು ಆರೋಗ್ಯ. ಇಸಾಕು.

*

ಒಸಾಕಾ
24 ಫೆಬ್ರವರಿ

ನನ್ನ ಇಸಾಕು,

ನಿನ್ನ ಕಾರ್ಡು ನನ್ನ ಸೊಂಟಪಟ್ಟಿಯೊಳಗೆ ಇದೆ. ಎಷ್ಟು ಸಲ ತೆಗೆದು ನೋಡಿದೆನೋ. ಎಲ್ಲರೂ ಮುಟ್ಟಿದರು. ಅಷ್ಟೇ ಅಲ್ಲ, ಮುಲಾಮು ಕೂಡ ಬೇಕಾಗದ ಹಾಗೆ, ಪರಚದೆ, ಮೆತ್ತಗೆ ಮುಟ್ಟಿದರು. ನಿನ್ನನ್ನು ಕತ್ತೆ ಎಂದು ಮನಸ್ಸಿನಲ್ಲಿ ಬೈದುಕೊಂಡಿದ್ದೆ, ಕಾಗದದಲ್ಲಿ ಬರೆದಿರಲಿಲ್ಲ. ಕತ್ತೆ ನಾನೇ.

ಸ್ನಾನದಂಗಡಿಯಲ್ಲಿ ಕಾರ್ಡು ಓದಿ ತೊಟ್ಟಿಗೆ ಇಳಿದು ಅತ್ತುಬಿಟ್ಟೆ. ಬಿಸಿನೀರಿನಲ್ಲಿ ಅತ್ತರೆ ಯಾರಿಗೂ ಗೊತ್ತಾಗುವುದಿಲ್ಲ. ಸುತ್ತ ಬೀದಿಯ ಹೆಂಗಸರೆಲ್ಲ ಇದ್ದರು, ಒಬ್ಬಳು ನನ್ನ ಬೆನ್ನು ಉಜ್ಜಿಕೊಟ್ಟಳು. ಇವಳಿಗೆ ಗೊತ್ತಾದರೂ ಉಜ್ಜುತ್ತಾಳೆಯೇ ಎಂದು ಯಾವಾಗಲೂ ಹೆದರುತ್ತಿದ್ದವಳು ಇವತ್ತು ಮೊದಲ ಸಲ ಹೆದರಲಿಲ್ಲ.

ನಾನೊಂದು ತೀರ್ಮಾನ ಮಾಡಿದ್ದೇನೆ. ಅಂಥ ಕೊಳಕು ಮನಸ್ಸಿನ ಮೇಲೂರೇ ಕೈ ಚಾಚಿರುವಾಗ ನನ್ನ ಮನೆಯ ಇಬ್ಬರು ಏನು ಮಹಾ? ನಿನ್ನ ಭಾವ ಕೆಟ್ಟವರಲ್ಲ. ಮಾತು ಕಡಿಮೆ. ಮೀನಿನ ಮುಳ್ಳು ನನ್ನ ಬೆರಳಿಗೆ ಚುಚ್ಚಿದಾಗ ಬಾಯಿಗಿಟ್ಟು ರಕ್ತ ಹೀರಿ ತೆಗೆದವರು. ಅತ್ತೆ ಒಂದಷ್ಟು ದಿನ ಮುಖ ಊದಿಸಿಕೊಳ್ಳುತ್ತಾರೆ, ಆಮೇಲೆ ಒರಳು ತಿರುಗಿಸುವವರು ಬೇಕಲ್ಲ. ಎಷ್ಟು ದಿನವೆಂದು ನನ್ನ ಒಡಹುಟ್ಟಿದವನ ಕಾಗದವನ್ನು ಬೇರೆಯವರ ಕೊಳೆ ಬಟ್ಟೆಯ ಬುಟ್ಟಿಯ ಮೇಲೆ ಕೂತು ಓದಲಿ? ಸಾಕಾಗಿದೆ. ಈ ವಾರದಲ್ಲೇ ಹೇಳಿಬಿಡುತ್ತೇನೆ.

ನೀನು ಕೊಟ್ಟ ಧೈರ್ಯ ಇದು.

ನಿನ್ನ ತೊಸೆ ಅಕ್ಕ

*

ಇವಾತ್ಸುಕಿ
26 ಫೆಬ್ರವರಿ

ಅಕ್ಕಾ,

ಹೇಳಬೇಡ. ಇನ್ನೂ ಹೇಳಿಲ್ಲದಿದ್ದರೆ ದಯವಿಟ್ಟು ಸುಮ್ಮನಿರು. ನಿನ್ನ ಕಾಗದ ಈಗ ಬಂತು, ಅವಸರದಲ್ಲಿ ಬರೆಯುತ್ತಿದ್ದೇನೆ, ಅಕ್ಷರ ಸೊಟ್ಟಗಾದರೆ ಓದಿಕೋ. ಕಾರ್ಡಿನಲ್ಲಿ ಬರೆದದ್ದು ಸುಳ್ಳು.

ನಡೆದದ್ದು ಹೀಗೆ. ನನ್ನನ್ನು ಬೋಳಿಸಿ ಕೋಣೆಯಲ್ಲಿಟ್ಟರು. ಬೋಳಿಸಿದ ಕತ್ತಿ ನನ್ನ ಮನೆಯಿಂದಲೇ ತರಿಸಿದ್ದರು. ಅಲ್ಲಿಗೇ ನಾನು ಎಚ್ಚೆತ್ತುಕೊಳ್ಳಬೇಕಿತ್ತು. ಹಬ್ಬದ ಮಧ್ಯಾಹ್ನ ಗುಡಿಯ ಬಾಗಿಲು ತೆರೆದು ಹೊರಗೆ ಬಿಟ್ಟರು. ಚಳಿ ಮೈಗೆ ಕಚ್ಚಿತು. ಅಂಗಳದ ತುಂಬ ಗಂಡಸರು, ಎಲ್ಲರೂ ಲಂಗೋಟಿ ಬಿಟ್ಟರೆ ಬತ್ತಲೆ, ಮೈಯಿಂದ ಹಬೆ, ಬಾಯಿಂದ ಸಾಕೆಯ ಹುಳಿನಾತ. ವಾಶ್ಶೋಯ್, ವಾಶ್ಶೋಯ್ ಎಂದು ಕೂಗುತ್ತಿದ್ದರು. ನನ್ನ ಎದೆ ಉಬ್ಬಿತು ಅಕ್ಕಾ, ಸುಳ್ಳು ಹೇಳುವುದಿಲ್ಲ. ಬನ್ನಿ, ಬಂದು ಮುಟ್ಟಿ ಎಂದುಕೊಂಡೆ.

ಆಮೇಲೆ ಅವರು ಕೈ ಎತ್ತಿದರು. ಅಷ್ಟೂ ಕೈಗೆ ಕೈಗವಸು.

ಬಿಳೀ ಹತ್ತಿಯ ಕೈಗವಸು, ಗದ್ದೆ ಕೆಲಸಕ್ಕೆ ಹಾಕಿಕೊಳ್ಳುವಂಥದು. ಮೈಮೇಲೆ ಗೇಣು ಬಟ್ಟೆಯಿಲ್ಲದವರು ಕೈಗೆ ಮಾತ್ರ ಮಣಿಕಟ್ಟಿನವರೆಗೆ ಬಟ್ಟೆ ತೊಟ್ಟು ಬಂದಿದ್ದರು. ನಗು ಬರಬೇಕಿತ್ತು, ಬರಲಿಲ್ಲ. ಅವರು ನೂಕಾಡಲಿಲ್ಲ, ಮೈಮೇಲೆ ಬೀಳಲಿಲ್ಲ. ಸಾಲಾಗಿ ಬಂದು, ತೋಳುದ್ದ ದೂರ ನಿಂತು, ಒಂದು ಬೆರಳು ನನ್ನ ಭುಜಕ್ಕೆ ತಾಗಿಸಿ ಪಕ್ಕಕ್ಕೆ ಹೋದರು. ಒಲೆಯ ಮೇಲಿನ ಪಾತ್ರೆ ಕಾದಿದೆಯೋ ಎಂದು ನೋಡುತ್ತಾರಲ್ಲ, ಹಾಗೆ. ಕೆಲವರು ತಾಗಿಸಿದ ಬೆರಳನ್ನು ತಮ್ಮ ತೊಡೆಗೆ ಒರೆಸಿಕೊಂಡರು.

ತೊಕುಸಾಬುರೊ ಹತ್ತಿರ ಬಂದಾಗ "ಇದೇನು ಯಜಮಾನ್ರೇ?" ಎಂದೆ.

"ಈ ವರ್ಷ ಚರ್ಮದ ಕಾಯ್ಲೆ ಜಾಸ್ತಿ ಇದ್ಯಪ್ಪಾ. ಸ್ವಚ್ಛತೆ ನೋಡ್ಕೋಬೇಕಲ್ವಾ. ತಪ್ಪು ತಿಳ್ಕೋಬೇಡ" ಎಂದರು.

ಅರ್ಚಕರ ಮುಖ ನೋಡಿದೆ. ಬರಿಗೈಯ ಕಟ್ಟಳೆ ಅವರಿಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಅವರು ನೆಲ ನೋಡುತ್ತಿದ್ದರು.

ಕೊನೆಯಲ್ಲಿ ಬಂದವನು ತೋಫು ಮಾಡುವ ಮನ್‌ಕಿಚಿ. ಅವನ ಹೆಂಡತಿ ಹಾಸಿಗೆ ಹಿಡಿದು ವರ್ಷವಾಗುತ್ತಾ ಬಂತು. ಅವನು ನನ್ನನ್ನು ನೋಡಿದ, ತನ್ನ ಕೈ ನೋಡಿಕೊಂಡ, ಕೈಗವಸನ್ನು ಹಲ್ಲಿನಲ್ಲಿ ಕಚ್ಚಿ ಎಳೆದು ಉಗಿದ. ಪೂರ್ತಿ ಅಂಗೈಯನ್ನು ನನ್ನ ಬೆನ್ನಿಗೆ ಒತ್ತಿದ. ತೋಫು ನೀರಿನಲ್ಲಿ ನೆಂದು ಸುಕ್ಕಾದ ತಣ್ಣನೆ ಕೈ.

"ಏ ಮನ್‌ಕಿಚಿ, ಬುದ್ಧಿ ಇಲ್ವೇನೋ!" ಎಂದು ಯಾರೋ ಕೂಗಿದರು.

"ನನ್ ಹೆಂಡ್ತಿಗೆ ವಾಸಿಯಾಗ್ಬೇಕಲೇ, ನಿಮ್ ಥರ ಆಟ ಆಡೋಕೆ ಬಂದಿಲ್ಲ" ಎಂದ.

ಅವನೊಬ್ಬನೇ. ಆಮೇಲೆ ಉಂಡೆ ಬೆನ್ನಿಗೆ ಕಟ್ಟಿ ಅಟ್ಟಿದರು. ಓಡಿ ಬಂದು ಎಲ್ಲೆಯಲ್ಲಿ ಬೀಳಿಸಿದೆ. ಮನೆಗೆ ಬಂದಾಗ ಸುಗಿ ಮುಲಾಮಿನ ಬಟ್ಟಲು ಹಿಡಿದು ನಿಂತಿದ್ದಳು. ನನ್ನನ್ನು ಹಿಂದೆ ಮುಂದೆ ತಿರುಗಿಸಿ ನೋಡಿದಳು. ಒಂದು ಗೀರೂ ಇರಲಿಲ್ಲ. ಬಟ್ಟಲನ್ನು ಒಳಗಿಟ್ಟಳು.

ನೀನು ಮೊದಲೇ ಎಚ್ಚರಿಸಿದ್ದೆಯಲ್ಲ, ನಿಜ ಬರೆಯಲು ನಾಚಿಕೆಯಾಯಿತು. ನನ್ನ ನಾಚಿಕೆಯನ್ನು ನಂಬಿ ನೀನು ನಿನ್ನ ಸಂಸಾರ ಕೆಡಿಸಿಕೊಳ್ಳಬೇಡ. ಸುಮ್ಮನಿರು ಅಕ್ಕಾ, ಕಾಲಿಗೆ ಬೀಳುತ್ತೇನೆ.

ಇಸಾಕು

*

ಒಸಾಕಾ
6 ಮಾರ್ಚ್

ಇಸಾಕು,

ನಿನ್ನ ಕಾಗದ ಕೈ ಸೇರುವ ಹಿಂದಿನ ಸಂಜೆಯೇ ಹೇಳಿಯಾಗಿತ್ತು.

ಅಂಗಡಿ ಮುಚ್ಚಿದ ಮೇಲೆ ಮೂವರೂ ಊಟಕ್ಕೆ ಕೂತಿದ್ದೆವು. ನನಗೊಬ್ಬ ತಮ್ಮನಿದ್ದಾನೆ, ಇಂಥ ಕೇರಿ, ಇಂಥ ಕಸುಬು ಎಂದೆ. ನಮ್ಮೂರಿನ ಹಬ್ಬದಲ್ಲಿ ಅವನನ್ನು ಎಲ್ಲರೂ ಮುಟ್ಟಿದರು ಎಂದೂ ಹೇಳಿದೆ, ಹೆಮ್ಮೆಯಿಂದ. ಅತ್ತೆ ಬಾಯಲ್ಲಿದ್ದ ತುತ್ತನ್ನು ಅಂಗೈಗೆ ಉಗಿದರು. ನಾನು ಬಡಿಸಿದ ಅನ್ನ ಅದು. ಎದ್ದು ಹಿತ್ತಲಿಗೆ ಹೋಗಿ ಬಾಯಿ ಮುಕ್ಕಳಿಸಿದರು, ಎಷ್ಟು ಹೊತ್ತು ಎಂದರೆ ನಮಗೆ ಒಳಗೆ ಕೇಳಿಸಿ ಕೇಳಿಸಿ ಸಾಕಾಯಿತು. ಇಷ್ಟು ವರ್ಷ ತಿಂದದ್ದನ್ನೆಲ್ಲ ಒಂದೇ ಸಲ ತೊಳೆಯಬೇಕಿತ್ತಲ್ಲ! ಆಮೇಲೆ ಉಪ್ಪಿನ ಜಾಡಿ ತಂದು ನನ್ನ ಸುತ್ತ ನೆಲಕ್ಕೆ ಎರಚಿದರು. ಹೆಣ ಹೋದ ಮನೆಗೆ ಎರಚುವ ಹಾಗೆ.

"ಮೂಗಿಗೆ ಗೊತ್ತಾಗುತ್ತೆ ಅಂತಿದ್ರಲ್ಲ ಅತ್ತೆ" ಎಂದೆ. ನನ್ನ ಬಾಯಿ ಸುಮ್ಮನಿರುವುದಿಲ್ಲ, ನಿನಗೆ ಗೊತ್ತು.

"ಮೀನಿನ್ ವಾಸ್ನೆಲಿ ಮುಚ್ಚಿಟ್ಟಿದ್ದೀಯಲ್ಲೇ, ಮೋಸಗಾತಿ" ಎಂದರು.

ಬೆಳಿಗ್ಗೆ ಕಲ್ಲೊರಳನ್ನು ಉಪ್ಪು ಹಾಕಿ ತಿಕ್ಕಿದರು, ಬೂದಿ ಹಾಕಿ ತಿಕ್ಕಿದರು, ಕುದಿನೀರು ಹುಯ್ದರು. ಅಷ್ಟೆಲ್ಲ ಆದ ಮೇಲೆ ಏನು ಮಾಡಿದರು ಗೊತ್ತೇ? ಹಿಂದಿನ ದಿನ ನಾನು ರುಬ್ಬಿ ಬೇಯಿಸಿಟ್ಟಿದ್ದ ಕಾಮಾಬೊಕೊವನ್ನು ಹಲಗೆಯ ಮೇಲೆ ಜೋಡಿಸಿ ನಗುನಗುತ್ತಾ ಮಾರಿದರು. ಒಂದು ತುಂಡೂ ಎಸೆಯಲಿಲ್ಲ. ತಮ್ಮ ಬಾಯಿಗೆ ಹೇಸಿಗೆಯಾದದ್ದು ಬೇರೆಯವರ ಬಾಯಿಗೆ ನಡೆಯುತ್ತದೆ! ಆ ಹಲಗೆಯ ಮುಂದೆ ನಿಂತು ನನಗೆ ಬಂದ ಅಸಹ್ಯಕ್ಕೆ ಹೆಸರಿಲ್ಲ.

ನಾನು ಹೇಳಿದ ಆ ರಾತ್ರಿ ನಿನ್ನ ಭಾವ ಕತ್ತಿ ಒರೆಸುತ್ತಾ ಕೂತರು. ಒರೆಸಿದ ಕತ್ತಿಯನ್ನೇ ಮತ್ತೆ ಮತ್ತೆ ಒರೆಸಿದರು. ಕೊನೆಗೆ ಬಾಯಿ ಬಿಟ್ಟರು.

"ನಂಗೆ ಗೊತ್ತಿತ್ತು. ಮದ್ವೆ ಆದ್ಮೇಲೆ ಯಾರೋ ಹೇಳಿದ್ರು."

"ಗೊತ್ತಿದ್ದೂ ಸುಮ್ನಿದ್ರಾ?"

"ನೀನು ಹೇಳ್ದೇ ಇದ್ದಿದ್ರೆ ಸಾಕಿತ್ತಲ್ಲೇ. ಇದ್ದ ಹಾಗೇ ಇರಬಹುದಿತ್ತು. ಈಗ ನಾನೇನ್ ಮಾಡ್ಲಿ ಹೇಳು?"

ಈ ಮಾತು ಮೊದಲು ಅರ್ಥವಾಗಲಿಲ್ಲ. ಮಾರನೆಯ ದಿನ ನಿನ್ನ ಕಾಗದ ಓದಿದಾಗ ಅರ್ಥವಾಯಿತು. ಇಷ್ಟು ವರ್ಷ ಈ ಮನುಷ್ಯ ನನ್ನನ್ನು ಮುಟ್ಟಿದ್ದೂ ಕೈಗವಸು ಹಾಕಿಕೊಂಡೇ. ನನ್ನ ಮೌನವೇ ಅವರ ಕೈಗವಸಾಗಿತ್ತು. ಹೊಲಿದುಕೊಟ್ಟವಳು ನಾನೇ. ಅದಕ್ಕೇ ಅವರಿಗಿಂತ ನನ್ನ ಮೇಲೇ ನನಗೆ ಹೆಚ್ಚು ಹೇಸಿಗೆ.

ಮನೆಯಿಂದ ಹೋಗೆಂದು ಯಾರೂ ಹೇಳಿಲ್ಲ. ನನ್ನ ಬಟ್ಟಲನ್ನು ಬೇರೆ ಗೂಡಿನಲ್ಲಿಟ್ಟಿದ್ದಾರೆ, ಅಷ್ಟೇ. ಒರಳು ಮಾತ್ರ ಮತ್ತೆ ನನ್ನ ಮುಂದೆಯೇ ಇದೆ. ನಾನು ಇನ್ನು ರುಬ್ಬುವುದಿಲ್ಲ. ಹೊರಟು ಬರುತ್ತೇನೆ. ಎಷ್ಟು ದಿನಕ್ಕೆ ಎಂದು ಕೇಳಬೇಡ, ನನಗೇ ಗೊತ್ತಿಲ್ಲ.

ಇನ್ನು ರಿಕು ಅಮ್ಮನ ವಿಳಾಸ ಬೇಡ. ಉತ್ತರವನ್ನು ಅಂಗಡಿಗೇ ಬರೆ. ಲಕೋಟೆಯ ಹಿಂದೆ ಕೆಳದಂಡೆ ಕೇರಿ ಎಂದು ದಪ್ಪ ಅಕ್ಷರದಲ್ಲಿ ಬರೆ, ಅಂಚೆಯವನೂ ಓದಲಿ. ಸುಳ್ಳು ಕಾರ್ಡು ಬರೆದದ್ದಕ್ಕೆ ನಿನ್ನ ತಲೆಗೆ ನಾಲ್ಕು ಬಾರಿಸುವುದಿದೆ. ಬಂದು ಬಾರಿಸುತ್ತೇನೆ.

ತೊಸೆ

*

ಇವಾತ್ಸುಕಿ, ಕೆಳದಂಡೆ ಕೇರಿ
15 ಮಾರ್ಚ್

ಅಕ್ಕಾ,

ದಪ್ಪ ಅಕ್ಷರದಲ್ಲಿ ಬರೆದಿದ್ದೇನೆ. ಮೊಹೆಯ್ ಕೈಯಿಂದ ಬರೆಸಿದೆ, ಅವನ ಕೈಬರಹ ನನ್ನದಕ್ಕಿಂತ ದುಂಡಗಿದೆ.

ಸಮಾಧಾನದ ಮಾತು ಬರೆಯಲು ನನಗೆ ಯೋಗ್ಯತೆಯಿಲ್ಲ. ಆ ಕಾರ್ಡು ನಾನು ಹಾಕದಿದ್ದರೆ ನಿನ್ನ ಬಟ್ಟಲು ಹಳೆಯ ಗೂಡಿನಲ್ಲೇ ಇರುತ್ತಿತ್ತು. ಇಲ್ಲಿ ನಡೆದದ್ದನ್ನು ಮಾತ್ರ ಬರೆಯುತ್ತೇನೆ, ಈ ಸಲ ಒಂದಕ್ಷರವೂ ಸುಳ್ಳಿಲ್ಲ.

ಹಬ್ಬ ಮುಗಿದ ಮೇಲೆ ತೊಕುಸಾಬುರೊ ಅವರ ಭಟ್ಟಿಯಲ್ಲಿ ಸಾಕೆ ಹುಳಿಯಾಯಿತು. ಗಾಳಿಗೆ ಗುಡಿಯ ಸೂರು ಹಾರಿತು. ಗಾಳಿ ಪ್ರತಿ ವರ್ಷವೂ ಬೀಸುತ್ತದೆ, ಆದರೆ ಈ ಸಲ ಮೇಲೂರಿನಲ್ಲಿ ಪಿಸುಗುಟ್ಟುವುದು ಶುರುವಾಯಿತು. ಬರಿಗೈಯಲ್ಲಿ ಮುಟ್ಟಲಿಲ್ಲ, ಕೇಡು ದಾಟಲಿಲ್ಲ, ಎಲ್ಲ ಊರಲ್ಲೇ ಉಳಿದಿದೆ ಅಂತ. ಹೋದ ವಾರ ತೊಕುಸಾಬುರೊ ಇಬ್ಬರು ಹಿರಿಯರನ್ನು ಕರೆದುಕೊಂಡು ಬಂದರು. ಈ ಸಲ ರಸ್ತೆಯಲ್ಲಿ ನಿಲ್ಲಲಿಲ್ಲ. ಹಿತ್ತಲ ಕಡೆಯಿಂದ ಬಂದು ಜಗಲಿಯ ಅಂಚಿಗೆ ನಿಂತರು.

"ಇಸಾಕು, ನೀನು ದೊಡ್ಮನ್ಸು ಮಾಡ್ಬೇಕು. ನಾಲ್ಕು ಜನರಿಗೆ ಗೊತ್ತಾಗೋದು ಬೇಡ. ಒಬ್ಬೊಬ್ರಾಗಿ ಬಂದು ಮುಟ್ಟಿ ಹೋಗ್ತೀವಿ."

"ಬರಿಗೈಯಲ್ಲಾ?"

"ಬರಿಗೈಯಲ್ಲೇ ಕಣಪ್ಪಾ" ಎಂದು ಒಬ್ಬ ಹಿರಿಯ ಆಗಲೇ ತೋಳು ಮಡಿಸಿದ.

ಆ ತೋಳು ನೋಡಿ ನನಗೆ ಬಂದ ಹೇಸಿಗೆ, ಕೊಳೆತ ಚರ್ಮದ ತೊಟ್ಟಿ ಬಗ್ಗಿ ನೋಡಿದಾಗಲೂ ಬಂದಿಲ್ಲ. "ಆಗ್ಲಿ, ಕೂತ್ಕೊಳ್ಳಿ. ಮೊದಲು ಟೀ ಕುಡೀರಿ" ಎಂದೆ. ಸುಗಿ ಬಟ್ಟಲುಗಳನ್ನು ತಂದಿಟ್ಟಳು. ಹಬೆ ಏಳುತ್ತಿತ್ತು. ಮೂವರೂ ಅದನ್ನು ನೋಡುತ್ತಾ ಕೂತರು. ತೊಕುಸಾಬುರೊ ಒಂದು ಸಲ ಕೈ ಮುಂದೆ ತಂದು ಹಿಂದಕ್ಕೆ ತೆಗೆದುಕೊಂಡರು.

"ಈಗಷ್ಟೇ ಕುಡ್ದು..." ಎಂದರು.

"ಹಂಗಾದ್ರೆ ಎದ್ದೋಗಿ ಯಜಮಾನ್ರೇ. ನಿಮ್ಮ ಕೇಡು ಹೊರೋಕೆ ನನ್ನ ಮೈ ಆಗುತ್ತೆ, ನನ್ನ ಮನೆ ಟೀ ಆಗಲ್ವಾ? ಇಟ್ಕೊಳ್ಳಿ ನಿಮ್ಮದನ್ನ ನೀವೇ."

"ಪಲ್ಲಕ್ಕಿ ವಿಷ್ಯ ಮರ್ತುಬಿಡು ಹಂಗಾದ್ರೆ" ಎಂದು ಎದ್ದರು.

ಹಾಗೆ ಪಲ್ಲಕ್ಕಿ ಹೋಯಿತು ಅಕ್ಕಾ. ನಾನೇ ಕೈಯಾರೆ ಕಳೆದೆ. ಮೊಹೆಯ್ ಬಾಗಿಲ ಹಿಂದೆ ನಿಂತು ಎಲ್ಲ ಕೇಳಿಸಿಕೊಂಡಿದ್ದ. ಏನನ್ನುತ್ತಾನೋ ಎಂದು ಹೆದರಿದ್ದೆ. ಅವನು ಬಂದು ಆರಿಹೋದ ಮೂರು ಬಟ್ಟಲು ಟೀಯನ್ನೂ ಒಂದೊಂದಾಗಿ ಕುಡಿದು ಮುಗಿಸಿದ.

ಇನ್ನೂ ಒಂದಿದೆ. ಹಬ್ಬದ ದಿನ ಗುಡಿಯಿಂದ ಹೋಗುವಾಗ ಎಲ್ಲರೂ ಕೈಗವಸು ಬಿಚ್ಚಿ ಬಾಗಿಲಲ್ಲಿ ಎಸೆದಿದ್ದರು. ನನ್ನನ್ನು ಮುಟ್ಟಿದ್ದಲ್ಲವೇ, ಮನೆಗೆ ಒಯ್ಯುವ ಹಾಗಿಲ್ಲ. ಗುಡಿಯಲ್ಲೂ ಇಡುವ ಹಾಗಿಲ್ಲ. ಇಷ್ಟು ದಿನ ಮೂಲೆಯಲ್ಲಿದ್ದ ಆ ಮೂಟೆಯನ್ನು ಟೀ ಗಲಾಟೆಯ ಮಾರನೆಯ ದಿನ ಗಾಡಿಯಲ್ಲಿ ನಮ್ಮ ಕೇರಿಗೆ ಕಳಿಸಿದರು, ಸತ್ತ ದನ ಕಳಿಸುವ ಹಾಗೆ, ಹೂತುಹಾಕಿ ಅಂತ. ಬಿಚ್ಚಿದರೆ ಬೂಷ್ಟು ಹಿಡಿದು ಬೆವರು ಮುಗ್ಗಿದ ನಾತ. ನನಗೆ ಕೈಯಲ್ಲಿ ಮುಟ್ಟಲು ಮನಸ್ಸಾಗಲಿಲ್ಲ. ತೊಟ್ಟಿಯಿಂದ ಹಸಿ ಚರ್ಮ ಎತ್ತುವ ಇಕ್ಕಳದಲ್ಲಿ ಒಂದೊಂದೇ ಎತ್ತಿದೆ. ಆಗ ಸುಗಿ ಕೂಗಿದಳು, "ಇಲ್ನೋಡಿ! ಎಲ್ಲದಕ್ಕೂ ಗುರುತು ಹಾಕಿದ್ದಾರೆ." ಗದ್ದೆ ಕೆಲಸದಲ್ಲಿ ಅದಲುಬದಲಾಗದಿರಲಿ ಎಂದು ಮೇಲೂರಿನ ಹೆಂಗಸರು ಮಣಿಕಟ್ಟಿನ ಹತ್ತಿರ ಕೆಂಪು ದಾರದಲ್ಲಿ ತಮ್ಮ ತಮ್ಮ ಮನೆಯ ಗುರುತು ಹೊಲಿದಿದ್ದಾರೆ. ಭಟ್ಟಿಯವರದು, ಅಕ್ಕಿ ಅಂಗಡಿಯವರದು, ಮೇಷ್ಟ್ರದು, ಎಲ್ಲರದೂ ಇದೆ.

ಹೂಳಲಿಲ್ಲ. ಕುದಿನೀರಿನಲ್ಲಿ ಅದ್ದಿ ತೆಗೆದು, ಮಣ್ಣಿನ ಉಂಡೆ ಬೀಳಿಸುವ ಆ ಎಲ್ಲೆಯಲ್ಲಿ, ರಸ್ತೆಯ ಉದ್ದಕ್ಕೂ ಹಗ್ಗ ಕಟ್ಟಿ ಎಲ್ಲವನ್ನೂ ನೇತುಹಾಕಿದ್ದೇವೆ. ಗುರುತು ರಸ್ತೆಯ ಕಡೆಗಿದೆ. ಹಗ್ಗ ಕಟ್ಟಿದ್ದು ಮೊಹೆಯ್. ಯಾರು ಬೇಕಾದರೂ ತಮ್ಮದನ್ನು ಒಯ್ಯಬಹುದು. ಒಬ್ಬರೂ ಬಂದಿಲ್ಲ. ಪೇಟೆಗೆ ಹೋಗುವವರು ಗದ್ದೆ ಬದುವಿನ ಕೆಸರಿನಲ್ಲಿ ಬಳಸಿಕೊಂಡು ಹೋಗುತ್ತಿದ್ದಾರೆ. ಮನ್‌ಕಿಚಿ ಮಾತ್ರ ರಸ್ತೆಯಲ್ಲೇ ಬಂದ. ತನ್ನದೊಂದನ್ನು ಹುಡುಕಿ ಜೇಬಿಗಿಟ್ಟುಕೊಂಡ, ಜಗಲಿಯಲ್ಲಿ ಕೂತು ಟೀ ಕುಡಿದ, ಇನ್ನೊಂದು ಬಟ್ಟಲು ಕೇಳಿದ. ಅವನ ಹೆಂಡತಿ ಹಾಗೆಯೇ ಇದ್ದಾಳಂತೆ.

ಸುಗಿ ನಿನ್ನ ಹಾಸಿಗೆ ಬಿಸಿಲಿಗೆ ಹಾಕಿದ್ದಾಳೆ, ಕೊಂಕು ತೆಗೆಯುವುದನ್ನೂ ಬಿಟ್ಟಿದ್ದಾಳೆ. ರೈಲಿಳಿದು ಬದುವಿನ ಮೇಲೆ ಬರಬೇಡ, ರಸ್ತೆಯಲ್ಲೇ ಬಾ, ಹಗಲಿನಲ್ಲೇ ಬಾ. ಬಾರಿಸುತ್ತೇನೆ ಎಂದು ಬರೆದಿದ್ದೀಯಲ್ಲ, ಬಂದ ಕೂಡಲೇ ಬಾರಿಸು. ತಲೆಯಲ್ಲಿ ಇನ್ನೂ ಸರಿಯಾಗಿ ಕೂದಲು ಬಂದಿಲ್ಲ, ಕೈ ಚೆನ್ನಾಗಿ ಕೂರುತ್ತದೆ.

ಇಸಾಕು